ಮೀರಾ ಫುರ್ಲಾನ್ ಅವರ ಕೆಲಸ ನೋಡೋಕೆ ಎಲ್ಲಿಂದ ಶುರು ಮಾಡ್ಬೇಕು, ಯಾವ ಆರ್ಡರಲ್ಲಿ ನೋಡ್ಬೇಕು

ಲಾಸ್ಟ್ ಅನ್ನೋ ಅಮೆರಿಕನ್ ಟಿವಿ ಸೀರೀಸ್ (ವಿಮಾನ ಬಿದ್ದು ಒಂದು ದ್ವೀಪದಲ್ಲಿ ಸಿಕ್ಕಾಕ್ಕೊಂಡವರ ಕಥೆ) ನೋಡಿರೋ ಯಾರನ್ನಾದ್ರೂ ಕೇಳಿ, ಕಾಡಲ್ಲಿ 16 ವರ್ಷ ಒಬ್ಬಳೇ ಬದುಕಿದ್ದ ಆ ಫ್ರೆಂಚ್ ಹೆಂಗಸು ನೆನಪಿದ್ದಾಳಾ ಅಂತ, ಥಟ್ಟನೆ ರೂಸೋ ಅಂತಾರೆ. ಆ ಪಾತ್ರ ಮಾಡಿದ್ದು ಯಾರು ಅಂದ್ರೆ ಮಾತ್ರ ಸುಮ್ನಾಗ್ತಾರೆ. ಅವ್ರ ಹೆಸರು ಮೀರಾ ಫುರ್ಲಾನ್, ಫ್ರೆಂಚ್ ಅಲ್ಲ, ಕ್ರೊಯೇಷಿಯಾದವರು, ಹುಟ್ಟಿದ್ದು 1955ರ ಸೆಪ್ಟೆಂಬರ್ 7ಕ್ಕೆ ಝಾಗ್ರೆಬ್ ಅನ್ನೋ ಊರಲ್ಲಿ, ಆಗ ಅದು ಯುಗೊಸ್ಲಾವಿಯಾ, ಕ್ರೊಯೇಷಿಯಾ, ಸರ್ಬಿಯಾ, ಬೋಸ್ನಿಯಾ, ಮಾಂಟೆನೆಗ್ರೊ ಎಲ್ಲಾ ಒಳಗಿದ್ದ ಒಂದೇ ದೇಶ. 2021ರ ಜನವರಿ 20ಕ್ಕೆ ಲಾಸ್ ಏಂಜಲೀಸಲ್ಲಿ ತೀರ್ಕೊಂಡ್ರು, 65 ವಯಸ್ಸು. ಇವ್ರ ಕೆಲಸ ಹುಡುಕ್ಕೊಂಡು ನೋಡ್ಬೇಕು ಅಂತ ಇರೋರಿಗೆ ಈ ಗೈಡ್ ಬರೀತಿದೀನಿ, ಯಾಕಂದ್ರೆ ಹುಟ್ಟಿದ ವರ್ಷದಿಂದ ಶುರು ಮಾಡಿ ಲೈನಾಗಿ ನೋಡಿದ್ರೆ ಇವ್ರು ಅರ್ಥ ಆಗಲ್ಲ ಅನ್ನೋದು ನನ್ನ ಅಭಿಪ್ರಾಯ. ಇವ್ರ ಬದುಕಿಗೆ ನಟ್ಟ ನಡುವೆ 1991 ಅನ್ನೋ ಒಂದು ಗೋಡೆ ಇದೆ. ಗೋಡೆಯ ಈ ಕಡೆಯಿಂದ ಶುರು ಮಾಡಿ, ಆ ಕಡೆಗೆ ಹೋಗಿ, ಮತ್ತೆ ಈ ಕಡೆಗೆ ಬರ್ಬೇಕು.

ಮೊದಲು ಹೆಸರು ಓದೋದು ಹೇಗೆ ಅಂತ ಹೇಳ್ತೀನಿ, ಸರ್ಚ್ ಮಾಡೋಕೆ ಇದು ಬೇಕೇ ಬೇಕು. ಮೀರಾ ಅನ್ನೋದು ನಮ್ಮ ಮೀರಾ ಥರಾನೇ ಕೇಳುತ್ತೆ ಆದ್ರೆ ಬೇರು ಬೇರೆ, ಅವ್ರ ಭಾಷೇಲಿ ಮೀರ್ ಅಂದ್ರೆ ಶಾಂತಿ. ಆ ಭಾಷೇಲಿ ಜೆ ಅಕ್ಷರಕ್ಕೆ 'ಯ' ಉಚ್ಚಾರ, ಸಿ ಅಕ್ಷರಕ್ಕೆ 'ತ್ಸ', ಸಿ ಮೇಲೆ ಗೀಟು ಬಂದ್ರೆ 'ಚ', ಎಸ್ ಮೇಲೆ ಬಂದ್ರೆ 'ಶ'. ಹಾಗಾಗಿ ಇವ್ರ ಗಂಡ, ಡೈರೆಕ್ಟರ್ ಗೋರಾನ್ ಅವ್ರ ಸರ್‌ನೇಮ್ ಗಾಯಿಚ್, ಗಾಜಿಕ್ ಅಲ್ಲ. ಹಳೇ ಸಿನಿಮಾಗಳಿಗೆ ಇಂಗ್ಲಿಷ್ ಟೈಟಲ್ ಒಂದು, ಅಲ್ಲಿನ ಟೈಟಲ್ ಇನ್ನೊಂದು, ಸರ್ಬಿಯಾದವರು ಸಿರಿಲಿಕ್ ಲಿಪೀಲಿ ಬರೆದಿರೋದು ಮತ್ತೊಂದು, ಮೂರನ್ನೂ ಕಾಪಿ ಮಾಡಿ ಇಟ್ಕೊಂಡು ಹುಡುಕಿ. ಇನ್ನೊಂದು, ಬರೀ ಕ್ರೊಯೇಷಿಯನ್ ಸಿನಿಮಾ ಅಂತ ಹುಡುಕಿದ್ರೆ ಇವ್ರ ಅರ್ಧ ಕೆಲಸ ಸಿಗಲ್ಲ, ಯಾಕಂದ್ರೆ ಅವು ಬೋಸ್ನಿಯಾದ ಸರಾಯೆವೊದಲ್ಲಿ, ಮಾಂಟೆನೆಗ್ರೊದಲ್ಲಿ ಆದ ಸಿನಿಮಾಗಳು. ಯುಗೊಸ್ಲಾವ್ ಸಿನಿಮಾ ಅಂತಾನೂ ಹುಡುಕಿ.

ಈಗ ನೋಡೋ ಕೆಲಸ. ಮೊದಲ ರಾತ್ರಿ ಒಂದೇ ಒಂದು ಎಪಿಸೋಡ್ ಸಾಕು, ಲಾಸ್ಟ್ ಮೊದಲ ಸೀಸನ್ನಿನ ಒಂಬತ್ತನೇದು, ಹೆಸರು ಸಾಲಿಟರಿ, 2004ರದ್ದು. ಇದಕ್ಕೂ ಮುಂಚೆ ಎರಡನೇ ಎಪಿಸೋಡಲ್ಲಿ ರೇಡಿಯೋದಲ್ಲಿ ಒಂದು ಫ್ರೆಂಚ್ ಸಂದೇಶ ಕೇಳಿಸುತ್ತೆ, 16 ವರ್ಷದಿಂದ ಅದೇ ಮೆಸೇಜು ಸುತ್ತಿ ಸುತ್ತಿ ಬರ್ತಾ ಇದೆ ಅಂತ ಲೆಕ್ಕ ಹಾಕ್ತಾರೆ, ಆ ಸಂದೇಶದ ಒಡತಿ ಎದುರಿಗೆ ಬರೋದು ಸಾಲಿಟರಿಯಲ್ಲಿ. ವಿಮಾನದಲ್ಲಿ ಬಂದವರಲ್ಲಿ ಒಬ್ಬನಾದ ಸಯೀದ್ ಅನ್ನೋನನ್ನ ಹಿಡಿದು ಕಟ್ಟಿ ಹಾಕ್ತಾಳೆ (ಸಯೀದ್ ಪಾತ್ರ ಮಾಡಿರೋ ನವೀನ್ ಆಂಡ್ರ್ಯೂಸ್ ಲಂಡನ್ನಲ್ಲಿ ಹುಟ್ಟಿದ್ರೂ ಅಪ್ಪ ಅಮ್ಮ ನಮ್ಮ ಪಕ್ಕದ ಕೇರಳದವರು). ಇಲ್ಲಿ ನೀವು ಕಥೆ ಬಿಟ್ಟು ಅವ್ರ ದನಿ ಮಾತ್ರ ಕೇಳಿ. ವರ್ಷಗಟ್ಟಲೆ ಯಾರ ಹತ್ರಾನೂ ಮಾತಾಡದೇ ಇರೋ ಮನುಷ್ಯಳು ಮಾತು ಶುರು ಮಾಡಿದ್ರೆ ಹೇಗಿರುತ್ತೆ? ಪದ ಬಾಯಿಗೆ ಬರೋಕೆ ಮುಂಚೆ ಒಂದು ಕ್ಷಣ ತಡೆಯುತ್ತೆ, ಬೆದರಿಸ್ತಾ ಇರೋವಾಗ್ಲೇ ಗಂಟಲು ಕಟ್ಟುತ್ತೆ, ಕೆಟ್ಟು ಹೋದ ಮ್ಯೂಸಿಕ್ ಬಾಕ್ಸನ್ನ ಸಯೀದ್ ರಿಪೇರಿ ಮಾಡಿ ಕೊಟ್ಟಾಗ ಮುಖ ಒಂದೇ ಸಲ ಹತ್ತಿಪ್ಪತ್ತು ವರ್ಷ ಚಿಕ್ಕದಾಗುತ್ತೆ. ಇಷ್ಟು ನೋಡಿದ್ಮೇಲೆ ಲಾಸ್ಟ್ ನಿಲ್ಸಿ. ಆಮೇಲೆ ಬರೋಣ.

ಎರಡನೇದು ಬ್ಯಾಬಿಲಾನ್ 5. ಇದು ದೊಡ್ಡ ಕೆಲಸ, ಐದು ಸೀಸನ್, 110 ಎಪಿಸೋಡ್, 1994ರಿಂದ 1998ರವರೆಗೆ ಬಂದಿದ್ದು, ಅದಕ್ಕೂ ಮುಂಚೆ 1993ರಲ್ಲಿ ಒಂದು ಪೈಲಟ್ ಸಿನಿಮಾ, ಅಂದ್ರೆ ಸೀರೀಸಿಗೆ ಮುಂಚೆ ಮಾಡಿ ನೋಡೋ ಸ್ಯಾಂಪಲ್. ಜೆ. ಮೈಕಲ್ ಸ್ಟ್ರಾಝಿನ್ಸ್ಕಿ ಮಾಡಿದ್ದು. ಬಾಹ್ಯಾಕಾಶದಲ್ಲಿ ಒಂದು ಸ್ಟೇಷನ್ನು, ಅಲ್ಲಿ ಬೇರೆ ಬೇರೆ ಲೋಕದ ರಾಯಭಾರಿಗಳು, ಅದರಲ್ಲಿ ಮಿನ್‌ಬಾರಿ ಜನಾಂಗದ ರಾಯಭಾರಿ ಡೆಲೆನ್ ಆಗಿ ಇವ್ರು. ಪೈಲಟ್ಟಿನಲ್ಲಿ ನೋಡಿದ್ರೆ ಗುರುತೇ ಸಿಗಲ್ಲ, ತಲೆ ಬೋಳು, ಹಿಂದೆ ಮೂಳೆಯ ಕಿರೀಟ, ಗಲ್ಲ ಎಲ್ಲಾ ಮೇಕಪ್ಪಲ್ಲಿ ಗಡುಸಾಗಿ ಮಾಡಿದಾರೆ, ಯಾಕಂದ್ರೆ ಮೊದಲ ಪ್ಲಾನ್ ಪ್ರಕಾರ ಡೆಲೆನ್ ಗಂಡು, ದನೀನೂ ಕಂಪ್ಯೂಟರಲ್ಲಿ ಬದಲಾಯಿಸ್ಬೇಕು ಅಂತಿತ್ತು, ಅದು ಸರಿ ಬರ್ಲಿಲ್ಲ ಅಂತ ಕೈಬಿಟ್ರು. ಅದು ಸರಿ ಬರದೇ ಇದ್ದಿದ್ದು ನಮ್ಮ ಪುಣ್ಯ, ಆ ದನಿ ಇಲ್ದೇ ಆ ಪಾತ್ರ ಇಲ್ಲ.

ಪೂರ್ತಿ 110 ನೋಡೋಕೆ ಟೈಮ್ ಇರೋರು ನೋಡಿ, ಖಂಡಿತ ನೋಡಿ, ಮೊದಲ ಸೀಸನ್ ಸ್ವಲ್ಪ ನಿಧಾನ, ಸೆಟ್ಟು ಗ್ರಾಫಿಕ್ಸು ಈಗಿನ ಕಣ್ಣಿಗೆ ಹಳೇದು ಅನ್ಸುತ್ತೆ, ಅದಕ್ಕೆ ಅಂಜಿ ಬಿಡ್ಬೇಡಿ. ಟೈಮ್ ಇಲ್ದೇ ಇರೋರು ಡೆಲೆನ್ ದಾರಿ ಹಿಡಿದು ಹೋಗಿ: ಮೊದಲ ಸೀಸನ್ ಕೊನೇದು ಕ್ರಿಸಾಲಿಸ್, ಅಲ್ಲಿ ಅವಳು ರೇಷ್ಮೆ ಹುಳದ ಥರ ಗೂಡು ಕಟ್ಕೊಂಡು ಒಳಗೆ ಸೇರ್ತಾಳೆ, ಎರಡನೇ ಸೀಸನ್ ಶುರುವಲ್ಲಿ ಅರ್ಧ ಮಿನ್‌ಬಾರಿ ಅರ್ಧ ಮನುಷ್ಯಳಾಗಿ ಹೊರಗೆ ಬರ್ತಾಳೆ, ತಲೇಲಿ ಕೂದಲು. ಅದಾದ ಮೇಲೆ ಸೋಲ್ ಮೇಟ್ಸ್ ಅನ್ನೋ ಎಪಿಸೋಡಲ್ಲಿ, ಜೀವನದಲ್ಲೇ ಕೂದಲು ಇಲ್ದೇ ಇದ್ದವಳು ಅದನ್ನ ಹೇಗೆ ತೊಳೆದು ಬಾಚ್ಕೋಬೇಕು ಅಂತ ಗೊತ್ತಾಗ್ದೇ ಸ್ಟೇಷನ್ನಿನ ಅಧಿಕಾರಿ ಇವಾನೊವಾ ಹತ್ರ ಸಹಾಯ ಕೇಳೋದು ಇದೆ, ಅಷ್ಟು ಗಂಭೀರ ಪಾತ್ರದಲ್ಲಿ ಅಷ್ಟು ಮುದ್ದಾಗಿ ಮಾಡೋಕೆ ಇವ್ರಿಗೆ ಬರುತ್ತೆ ಅಂತ ತೋರ್ಸೋಕೆ ಅದೊಂದು ಸಾಕು.

ಡೆಲೆನ್ ಎರಡು ಕಡೆಗೂ ಸೇರಿದವಳು ಆಗ್ತಾಳೆ ಅನ್ನೋದು ಮನಸ್ಸಲ್ಲಿರಲಿ. ಅವಳ ಜನ ಅವಳನ್ನ ನೀನು ಈಗ ನಮ್ಮವಳಲ್ಲ ಅಂತ ದೂರ ಮಾಡ್ತಾರೆ, ಮನುಷ್ಯರೂ ಅನುಮಾನದಿಂದ ನೋಡ್ತಾರೆ.

ಇಲ್ಲಿ ಎರಡನೇ ಸೀಸನ್ ಮಧ್ಯದಲ್ಲಿ ಪಾಸ್ ಒತ್ತಿ, ಇದು ಈ ಗೈಡಿನ ಮುಖ್ಯ ಹೆಜ್ಜೆ. ಪಾಸ್ ಒತ್ತಿ ಮೀರಾ ಅವ್ರು 1991ರ ನವೆಂಬರಲ್ಲಿ ತನ್ನ ದೇಶದ ಜನಕ್ಕೆ ಬರೆದ ಬಹಿರಂಗ ಪತ್ರ ಹುಡುಕಿ ಓದಿ, ಇಂಗ್ಲಿಷ್ ಅನುವಾದ ಸಿಗುತ್ತೆ. ಹಿನ್ನೆಲೆ ಇಷ್ಟು. ಇವ್ರು ಝಾಗ್ರೆಬ್ ಕ್ರೊಯೇಷಿಯನ್ ನ್ಯಾಷನಲ್ ಥಿಯೇಟರಿನ ನಟಿ, ಮದುವೆ ಆಗಿದ್ದು ಸರ್ಬಿಯಾದ ಗೋರಾನ್ ಅವ್ರನ್ನ, ಹಾಗಾಗಿ ಝಾಗ್ರೆಬ್ಬಿಗೂ ಸರ್ಬಿಯಾದ ರಾಜಧಾನಿ ಬೆಲ್‌ಗ್ರೇಡಿಗೂ ಓಡಾಡ್ಕೊಂಡು ಎರಡೂ ಊರಲ್ಲಿ ಸ್ಟೇಜ್ ಮೇಲೆ ಕೆಲಸ ಮಾಡ್ತಿದ್ರು. ಒಂದೇ ದೇಶ ಇರೋ ತನಕ ಅದೇನು ವಿಶೇಷ ಅಲ್ಲ, ಹುಬ್ಬಳ್ಳಿಗೂ ಮೈಸೂರಿಗೂ ಓಡಾಡ್ದಂಗೆ. 1991ರ ಜೂನ್ 25ಕ್ಕೆ ಕ್ರೊಯೇಷಿಯಾ ಸ್ವತಂತ್ರ ಅಂತ ಘೋಷಿಸ್ತು, ಸರ್ಬರ ಜೊತೆ ಯುದ್ಧ ಶುರುವಾಯ್ತು, ಆ ಯುದ್ಧದ ಮಧ್ಯದಲ್ಲೇ ಇವ್ರು ಬೆಲ್‌ಗ್ರೇಡಿನ ಬಿಟೆಫ್ ನಾಟಕೋತ್ಸವದಲ್ಲಿ ಕಾರ್ನೈ ಬರೆದ ಹಳೇ ಫ್ರೆಂಚ್ ನಾಟಕದಲ್ಲಿ ಪಾತ್ರ ಮಾಡಿದ್ರು. ಅಷ್ಟೇ. ಝಾಗ್ರೆಬ್ ಪತ್ರಿಕೆಗಳು ದ್ರೋಹಿ ಅಂದ್ವು, ಫೋನಿಗೆ ಕೊಲೆ ಬೆದರಿಕೆ ಬಂತು, ಥಿಯೇಟರಿನ ಕೆಲಸ ಹೋಯ್ತು. ಅದೇ ಹೊತ್ತಿಗೆ ಕ್ರೊಯೇಷಿಯಾದ ವುಕೊವಾರ್ ಅನ್ನೋ ಊರನ್ನ ಫಿರಂಗಿಗಳು ಪುಡಿ ಮಾಡ್ತಿದ್ವು, ಜನ ನಿಜವಾಗ್ಲೂ ಸಾಯ್ತಾ ಇದ್ರು, ಆ ಸಿಟ್ಟು ಎಲ್ಲಿಂದ ಬಂತು ಅಂತ ಅರ್ಥ ಆಗುತ್ತೆ, ಆದ್ರೆ ಆ ಸಿಟ್ಟು ಒಬ್ಬ ನಟಿ ಮೇಲೆ ಬಂದು ಬಿದ್ದಿದ್ದು ನ್ಯಾಯ ಅಂತ ನನಗೆ ಯಾವತ್ತೂ ಅನ್ಸಿಲ್ಲ. ಗಂಡ ಹೆಂಡತಿ ಇಬ್ರೂ ನ್ಯೂಯಾರ್ಕಿಗೆ ಹೋದ್ರು. ಪತ್ರದಲ್ಲಿ ಇವ್ರು ಯಾವ ಸೈನ್ಯದ ಪರಾನೂ ವಾದ ಮಾಡಲ್ಲ, ದ್ವೇಷ ಮಾಡೋ ಡ್ಯೂಟಿ ನನಗೆ ಬೇಡ ಅಂತಾರೆ, ಊರಿನವರಿಗೆ ವಿದಾಯ ಹೇಳ್ತಾರೆ. ಆಗ ಅವ್ರಿಗೆ 36 ವರ್ಷ, ಅಲ್ಲಿನ ದೊಡ್ಡ ಸ್ಟಾರು, ಮುಂದೆ ಹೋಗಿ ಇಂಗ್ಲಿಷಲ್ಲಿ ಆಕ್ಸೆಂಟ್ ಇಟ್ಕೊಂಡು ಆಡಿಶನ್ ಕೊಡ್ಬೇಕು.

ಪತ್ರ ಓದಿ ಆಯ್ತಾ, ಈಗ ಪ್ಲೇ ಒತ್ತಿ ಎರಡು ಎಪಿಸೋಡ್ ನೋಡಿ. ಒಂದು ಕನ್ಫೆಷನ್ಸ್ ಆಂಡ್ ಲ್ಯಾಮೆಂಟೇಶನ್ಸ್, ಒಂದು ಜನಾಂಗಕ್ಕೆ ಪೂರ್ತಿ ರೋಗ ಬಡಿದು ಎಲ್ಲರನ್ನೂ ಒಂದು ಜಾಗದಲ್ಲಿ ಕೂಡಿ ಹಾಕಿದಾಗ ಡೆಲೆನ್ ನಾನೂ ಒಳಗೆ ಹೋಗ್ತೀನಿ ಅಂತ ಹೋಗ್ತಾಳೆ, ಅವ್ರು ತನ್ನ ಜನ ಅಲ್ಲದೇ ಇದ್ರೂ. ಆಮೇಲೆ ಬಾಗಿಲು ತೆರೆಯೋ ಸೀನ್ ಇದೆ, ಅದರ ಬಗ್ಗೆ ಏನೂ ಹೇಳಲ್ಲ, ಆ ಹೊತ್ತಲ್ಲಿ ಅವ್ರ ಕಣ್ಣು ನೋಡಿ. ಇದು ಬಂದಿದ್ದು 1995ರಲ್ಲಿ, ಬೋಸ್ನಿಯಾದಲ್ಲಿ ಇನ್ನೂ ಯುದ್ಧ ನಡೀತಿತ್ತು.

ಇನ್ನೊಂದು ಕಮ್ಸ್ ದ ಇನ್‌ಕ್ವಿಸಿಟರ್. ಇದಕ್ಕೆ ರಾತ್ರಿ ಎಲ್ಲರೂ ಮಲಗಿದ ಮೇಲೆ ಹೆಡ್‌ಫೋನ್ ಹಾಕ್ಕೊಂಡು ಕೂತ್ಕೊಳ್ಳಿ. ಕತ್ತಲೆ ರೂಮು, ಕೈಗೆ ಬೇಡಿ, ಒಬ್ಬ ಮನುಷ್ಯ ಕೋಲು ಹಿಡ್ಕೊಂಡು ಒಂದೇ ಪ್ರಶ್ನೆ ಕೇಳ್ತಾನೆ: ನೀನು ಯಾರು? ಡೆಲೆನ್ ಅಂತಾಳೆ, ಅದು ಹೆಸರು, ಬೇರೆ ಯಾರೋ ಇಟ್ಟಿದ್ದು, ಶಾಕ್ ಕೊಡ್ತಾನೆ. ರಾಯಭಾರಿ ಅಂತಾಳೆ, ಅದು ಹುದ್ದೆ, ಮತ್ತೆ ಶಾಕ್. ಇಂಥವರ ಮಗಳು ಅಂತಾಳೆ, ಅದೂ ಉತ್ತರ ಅಲ್ಲ. ಮತ್ತೆ ಕೇಳ್ತಾನೆ, ಮತ್ತೆ ಕೇಳ್ತಾನೆ. ಪತ್ರ ಓದದೇ ಈ ಎಪಿಸೋಡ್ ನೋಡಿದ್ರೆ ಒಳ್ಳೇ ಸೈನ್ಸ್ ಫಿಕ್ಷನ್ ಡ್ರಾಮಾ ಅಷ್ಟೇ. ಓದಿ ನೋಡಿದ್ರೆ ಮೈ ಜುಂ ಅನ್ನುತ್ತೆ, ಯಾಕಂದ್ರೆ ನಾಲ್ಕು ವರ್ಷದ ಹಿಂದೆ ಇದೇ ಪ್ರಶ್ನೆ ಈ ಹೆಂಗಸಿಗೆ ನಿಜ ಜೀವನದಲ್ಲಿ ಒಂದು ಇಡೀ ದೇಶ ಕೇಳಿತ್ತು, ನೀನು ಯಾರು, ಕ್ರೊಯೇಷಿಯಾದವಳಾ ಇಲ್ಲಾ ಸರ್ಬನ ಹೆಂಡತೀನಾ ಅಂತ. ನಾನು ಮೊದಲ ಸಲ ನೋಡಿದಾಗ ಪತ್ರದ ವಿಷಯ ಗೊತ್ತಿರ್ಲಿಲ್ಲ, ಎರಡನೇ ಸಲ ಗೊತ್ತಿತ್ತು, ಎರಡೂ ಸಲ ನೋಡಿದ್ದು ಬೇರೆ ಬೇರೆ ಎಪಿಸೋಡೇನೋ ಅನ್ಸಿಬಿಡ್ತು, ಅದಕ್ಕೇ ಇಷ್ಟು ಒತ್ತಿ ಹೇಳ್ತಿರೋದು ಆರ್ಡರ್ ಮುಖ್ಯ ಅಂತ.

ಆಮೇಲೆ ಮೂರನೇ ಸೀಸನ್ನಿನ ಸೆವರ್ಡ್ ಡ್ರೀಮ್ಸ್, 1997ರಲ್ಲಿ ಸೈನ್ಸ್ ಫಿಕ್ಷನ್ನಿಗೆ ಕೊಡೋ ಹ್ಯೂಗೊ ಪ್ರಶಸ್ತಿ ತಗೊಂಡ ಎಪಿಸೋಡು, ಅದರ ಕೊನೇಲಿ ಡೆಲೆನ್ ಹಡಗುಗಳ ಜೊತೆ ಬಂದು ಶತ್ರುಗಳಿಗೆ ಒಂದು ಎಚ್ಚರಿಕೆ ಕೊಡ್ತಾಳೆ, ದನಿ ಏರಿಸೋದೇ ಇಲ್ಲ, ಒಂದು ಚೂರೂ. ಜೋರಾಗಿ ಕೂಗೋದೇ ಪವರ್‌ಫುಲ್ ಆಕ್ಟಿಂಗ್ ಅನ್ನೋರಿಗೆ ಈ ಅರ್ಧ ನಿಮಿಷ ತೋರ್ಸಿ. ನಾಲ್ಕನೇ ಸೀಸನ್ನಿನ ಅಟೋನ್‌ಮೆಂಟ್ ಕೂಡ ಬಿಡ್ಬೇಡಿ, ಸಿಟ್ಟಲ್ಲಿ ಆಡಿದ ಒಂದು ಮಾತಿನಿಂದ ಏನೇನಾಯ್ತು ಅಂತ ಅವಳು ಯಾಕೆ ಜೀವನ ಪೂರ್ತಿ ಪ್ರಾಯಶ್ಚಿತ್ತ ಮಾಡ್ತಿದಾಳೆ ಅನ್ನೋದು ಅಲ್ಲಿದೆ. ಇನ್ ದ ಬಿಗಿನಿಂಗ್ ಅಂತ ಒಂದು ಟಿವಿ ಸಿನಿಮಾ ಇದೆ, ಹಿಂದಿನ ಕಥೆ ಹೇಳೋದು, ಹೆಸರು ನೋಡಿ ಅದನ್ನೇ ಮೊದಲು ಹಾಕ್ಬೇಡಿ, ಅಟೋನ್‌ಮೆಂಟ್ ಹಾಳಾಗುತ್ತೆ. ಐದನೇ ಸೀಸನ್ ಶುರುವಿನ ಭಾಗ ನನಗೆ ಅಷ್ಟು ಹಿಡಿಸ್ಲಿಲ್ಲ, ಬೇಕಾದ್ರೆ ಬೇಗ ಬೇಗ ದಾಟಿಸಿ ಕೊನೇ ಎಪಿಸೋಡ್ ಸ್ಲೀಪಿಂಗ್ ಇನ್ ಲೈಟ್‌ಗೆ ಬನ್ನಿ, ಕರ್ಚೀಫ್ ಇಟ್ಕೊಳ್ಳಿ.

ಈಗ ಗೋಡೆ ದಾಟಿ ಆ ಕಡೆಗೆ.

1985ರ ವೆನ್ ಫಾದರ್ ವಾಸ್ ಅವೇ ಆನ್ ಬಿಸಿನೆಸ್, ಅಲ್ಲಿನ ಹೆಸರು ಒಟಾತ್ಸ್ ನಾ ಸ್ಲುಝ್ಬೆನೊಮ್ ಪುಟು, ಎಮಿರ್ ಕುಸ್ಟುರಿಟ್ಸಾ ಡೈರೆಕ್ಟ್ ಮಾಡಿದ್ದು, ಕಾನ್ ಉತ್ಸವದಲ್ಲಿ ಆ ವರ್ಷದ ದೊಡ್ಡ ಪ್ರಶಸ್ತಿ ಪಾಮ್ ಡಿ'ಓರ್ ಗೆದ್ದ ಸಿನಿಮಾ. ನೋಡೋಕೆ ಮುಂಚೆ ಒಂದು ವಿಷಯ ತಿಳ್ಕೊಂಡಿರಿ, 1948ರಲ್ಲಿ ಅಲ್ಲಿನ ನಾಯಕ ಟೀಟೋಗೂ ಸೋವಿಯತ್ ನಾಯಕ ಸ್ಟಾಲಿನ್ನಿಗೂ ಜಗಳ ಆಗಿ ಯುಗೊಸ್ಲಾವಿಯಾ ಸೋವಿಯತ್ ಗುಂಪಿನಿಂದ ಹೊರಗೆ ಬಂತು, ಅಲ್ಲಿವರೆಗೆ ಗೋಡೆ ಮೇಲೆ ಸ್ಟಾಲಿನ್ ಫೋಟೋ ಹಾಕಿದ್ದವರು ಮಾರನೇ ದಿನದಿಂದ ಅನುಮಾನಿತರು. ಇದು ಗೊತ್ತಿಲ್ದಿದ್ರೆ ಕಥೆ ತಲೆ ಬುಡ ಅರ್ಥ ಆಗಲ್ಲ. ಪತ್ರಿಕೇಲಿ ಬಂದ ಒಂದು ಕಾರ್ಟೂನ್ ನೋಡಿ ಮೇಶಾ ಅನ್ನೋ ಮನುಷ್ಯ ಒಂದು ಮಾತು ಹೇಳ್ತಾನೆ, ಅವನ ಪ್ರೇಯಸಿ, ವ್ಯಾಯಾಮದ ಟೀಚರ್ ಅಂಕಿತ್ಸಾ, ಆ ಮಾತನ್ನ ಅವನ ಭಾವಮೈದುನನ ಕಿವಿಗೆ ಹಾಕ್ತಾಳೆ, ಮೇಶಾನ ಕೂಲಿ ಶಿಬಿರಕ್ಕೆ ಕಳಿಸ್ತಾರೆ, ಮನೇಲಿ ಚಿಕ್ಕ ಮಗ ಮಾಲಿಕ್‌ಗೆ ಅಪ್ಪ ಬಿಸಿನೆಸ್ ಮೇಲೆ ಹೋಗಿದಾನೆ ಅಂತ ಹೇಳಿರ್ತಾರೆ. ಆ ಅಂಕಿತ್ಸಾ ನಮ್ಮ ಮೀರಾ. ಪಾತ್ರ ಚಿಕ್ಕದು, ಸುಲಭವಾಗಿ ವಿಲನ್ ಮಾಡಿ ಬಿಡ್ಬಹುದಿತ್ತು, ಇವ್ರು ಹಾಗೆ ಮಾಡಲ್ಲ. ಕೊನೇ ಮದುವೆ ಮನೆ ಸೀನಲ್ಲಿ ಅವಳಿಗೆ ಏನಾಗುತ್ತೆ ಅನ್ನೋದು ನೋಡೋಕೆ ಕಷ್ಟ, ಮಕ್ಕಳ ಜೊತೆ ಕೂತು ನೋಡೋ ಸಿನಿಮಾ ಅಲ್ಲ ಅಂತ ಮೊದಲೇ ಹೇಳಿದೀನಿ.

ಅದಾದ ಮೇಲೆ 1986ರ ಲ್ಯೆಪೊಟಾ ಪೊರೊಕಾ, ಇಂಗ್ಲಿಷಲ್ಲಿ ಬ್ಯೂಟಿ ಆಫ್ ಸಿನ್, ಝಿವ್ಕೊ ನಿಕೊಲಿಚ್ ಡೈರೆಕ್ಷನ್. ಇದೇ ಇವ್ರ ಅತಿ ದೊಡ್ಡ ಸಿನಿಮಾ ಪಾತ್ರ ಅಂತ ನಾನು ಹೇಳ್ತೀನಿ, ಪೂಲಾ ಉತ್ಸವದಲ್ಲಿ ಬೆಸ್ಟ್ ಆಕ್ಟ್ರೆಸ್ ಗೋಲ್ಡನ್ ಅರೇನಾ ಕೊಟ್ಟಿದ್ದೂ ಇದಕ್ಕೇ (ಆ ಉತ್ಸವ ನಡೆಯೋದು ರೋಮನ್ನರ ಕಾಲದ ಕಲ್ಲಿನ ಬಯಲು ರಂಗಮಂಟಪದಲ್ಲಿ, ಫೋಟೋ ಹುಡುಕಿ ನೋಡಿ). ಮಾಂಟೆನೆಗ್ರೊ ಬೆಟ್ಟದ ಹಳ್ಳಿ, ಗಂಡನ ಬಿಟ್ಟು ಬೇರೆಯವನ ಜೊತೆ ಹೋದ ಹೆಂಡತಿ ತಲೆ ಮೇಲೆ ರೊಟ್ಟಿ ಇಟ್ಟು ಗಂಡ ಸುತ್ತಿಗೇಲಿ ಹೊಡೆದು ಸಾಯ್ಸೋ ಪದ್ಧತಿಯಿಂದ ಸಿನಿಮಾ ಶುರು. ಅಂಥ ಹಳ್ಳಿಯ ಯಾಗ್ಲಿಕಾ ಗಂಡನ ಜೊತೆ ಕೆಲಸ ಹುಡುಕ್ಕೊಂಡು ಸಮುದ್ರ ತೀರಕ್ಕೆ ಬರ್ತಾಳೆ, ಕೆಲಸ ಸಿಗೋದು ಫಾರಿನ್ ಪ್ರವಾಸಿಗಳು ಬಟ್ಟೆ ಇಲ್ದೇ ಓಡಾಡೋ ಕ್ಯಾಂಪಲ್ಲಿ. ಕಪ್ಪು ಬಟ್ಟೆ, ಬಗ್ಗಿಸಿದ ಕತ್ತು, ನೆಲ ನೋಡೋ ಕಣ್ಣು, ಆ ಕಣ್ಣು ಎಷ್ಟು ನಿಧಾನಕ್ಕೆ ಮೇಲೆ ಏಳುತ್ತೆ ಅನ್ನೋದೇ ಇಡೀ ಸಿನಿಮಾ. ನಗ್ನತೆ ಇದೆ ಅಂತ ಫಾರ್ವರ್ಡ್ ಮಾಡಿ ನೋಡಿದ್ರೆ ನಷ್ಟ ನಿಮಗೇ, ಯಾಕಂದ್ರೆ ಸಿನಿಮಾ ಅವಳ ನಾಚಿಕೆ ಬಗ್ಗೆ ಇರೋದು, ಆ ನಾಚಿಕೆ ಅವಳ ತಲೆಗೆ ತುಂಬಿದ್ದು ಯಾರು ಅನ್ನೋದರ ಬಗ್ಗೆ ಇರೋದು.

ಇದರಲ್ಲಿ ಗಮನಿಸ್ಬೇಕಾದ್ದು ಇನ್ನೊಂದಿದೆ, ಭಾಷೆ ಗೊತ್ತಿಲ್ದೇ ಇದ್ರೂ ಕಿವಿಗೆ ಬೀಳುತ್ತೆ. ಒಂದೊಂದು ಸಿನಿಮಾದಲ್ಲಿ ಒಂದೊಂದು ಊರಿನ ಮಾತು. ಅಂಕಿತ್ಸಾ ಇರೋದು ಸರಾಯೆವೊದಲ್ಲಿ, ಯಾಗ್ಲಿಕಾ ಮಾಂಟೆನೆಗ್ರೊ ಬೆಟ್ಟದವಳು, ಟಿವಿಗೆ ಮಾಡಿದ ವೆಲೊ ಮಿಸ್ಟೊ ಅನ್ನೋ ಸೀರೀಸು ಸ್ಪ್ಲಿಟ್ ಅನ್ನೋ ಕಡಲೂರಿನದು. ನಟಿ ಮಾತ್ರ ಝಾಗ್ರೆಬ್ ಸಿಟಿಯವರು. ಬೆಂಗಳೂರಲ್ಲಿ ಹುಟ್ಟಿ ಬೆಳೆದ ನಟಿ ಒಂದು ಸಿನಿಮಾದಲ್ಲಿ ಧಾರವಾಡದ ಮಾತು, ಇನ್ನೊಂದರಲ್ಲಿ ಕುಂದಾಪ್ರ ಕನ್ನಡ ಆಡಿ ಎರಡೂ ಕಡೆಯವರ ಕೈಲೂ ಸೈ ಅನ್ನಿಸ್ಕೊಂಡ ಹಾಗೆ ಅದು. ಯುದ್ಧ ಆದ್ಮೇಲೆ ಆ ಮಾತುಗಳಿಗೆ ನಾಲ್ಕು ದೇಶದ ನಾಲ್ಕು ಹೆಸರು ಬಂತು, ಗಡಿ ಬಂತು. ಎಲ್ಲಾ ಊರಿನ ಮಾತೂ ಬರ್ತಿದ್ದ ಬಾಯಿ ಹಾಲಿವುಡ್ಡಿಗೆ ಹೋಗಿ ಮಿನ್‌ಬಾರಿ ಅನ್ನೋ ಇಲ್ಲದ ಲೋಕದ ಮಾತು ಆಡ್ತು, ಫ್ರೆಂಚರ ಥರ ಇಂಗ್ಲಿಷ್ ಆಡ್ತು, ಕಾರ್ಟೂನ್ ಸ್ಪೈಡರ್‌ಮ್ಯಾನಲ್ಲಿ ಸಿಲ್ವರ್ ಸೇಬಲ್‌ಗೆ ದನಿ ಕೊಡ್ತು, ತನ್ನ ಮಾತಲ್ಲಿ ಪಾತ್ರ ಮಾಡೋಕೆ ಮಾತ್ರ ವರ್ಷಗಟ್ಟಲೆ ಕಾಯ್ಬೇಕಾಯ್ತು. ಈ ಲೆಕ್ಕ ಹಾಕ್ದಾಗೆಲ್ಲ ನನಗೆ ಹೊಟ್ಟೆ ಉರಿಯುತ್ತೆ.

ಟೈಮ್ ಇದ್ರೆ ರಾಯ್ಕೊ ಗ್ರ್ಲಿಚ್ ಅವ್ರ 1985ರ ಝಾ ಸ್ರೆಚು ಯೆ ಪೊಟ್ರೆಬ್ನೊ ಟ್ರೋಯೆ ನೋಡಿ, ಹೆಸರಿನ ಅರ್ಥ ಸುಖಕ್ಕೆ ಮೂವರು ಬೇಕು ಅಂತ. ಟೈಮ್ ಇಲ್ದಿದ್ರೆ ಮುಂದೆ ಹೋಗಿ.

ವಾಪಸ್ ಬರೋ ದಾರಿ ಈಗ. 2002ರಲ್ಲಿ, 11 ವರ್ಷ ಆದ ಮೇಲೆ, ಇವ್ರು ಮತ್ತೆ ಕ್ರೊಯೇಷಿಯಾದಲ್ಲಿ ಸ್ಟೇಜ್ ಹತ್ತಿದ್ರು, ನಟ ರಾಡೆ ಶೆರ್ಬೆಜಿಯಾ ಅವ್ರ ಯುಲಿಸೆಸ್ ಥಿಯೇಟರ್ ಜೊತೆ, ಬ್ರಿಯೂನಿ ದ್ವೀಪದಲ್ಲಿ. ಪಾತ್ರ ಮೀಡಿಯಾ, ಗ್ರೀಕ್ ನಾಟಕದ ಮೀಡಿಯಾ, ತನ್ನ ದೇಶ ಬಿಟ್ಟು ಪರದೇಶದಲ್ಲಿ ನೆಲೆ ಇಲ್ದೇ ನಿಂತ ಹೆಂಗಸು. ನಾಟಕ ನಾವು ಹೋಗಿ ನೋಡೋಕೆ ಆಗಲ್ಲ, ಅದಕ್ಕೆ ನಾನು ಹೇಳೋದು ಆ ನಾಟಕದ ಪಠ್ಯ ಓದಿ, ಮೀಡಿಯಾ ಆಡೋ ಮೊದಲ ಮಾತುಗಳನ್ನ ಇವ್ರ ದನೀಲಿ ಕೇಳಿಸ್ಕೊಳ್ಳಿ, ಇಷ್ಟೊತ್ತಿಗೆ ಆ ದನಿ ನಿಮಗೆ ಪರಿಚಯ ಆಗಿರುತ್ತೆ.

ನೋಡೋಕೆ ಸಿಗೋದು 2008ರ ಟುರ್ನೇಯಾ, ಇಂಗ್ಲಿಷಲ್ಲಿ ದ ಟೂರ್, ಗೋರಾನ್ ಮಾರ್ಕೊವಿಚ್ ಡೈರೆಕ್ಷನ್. 1993ರಲ್ಲಿ ಬೆಲ್‌ಗ್ರೇಡಿನ ಒಂದು ನಾಟಕ ಕಂಪನಿ ನಾಲ್ಕು ಕಾಸು ಸಿಗುತ್ತೆ ಅಂತ ಯುದ್ಧ ನಡೀತಿರೋ ಜಾಗಕ್ಕೇ ಕ್ಯಾಂಪ್ ಹೋಗುತ್ತೆ, ನಮ್ಮ ಕಂಪನಿ ನಾಟಕದವರ ಥರ ಒಂದು ಬಸ್ಸು, ಸಾಮಾನು, ಪರಸ್ಪರ ಕಿತ್ತಾಟ, ಅವ್ರಿಗೆ ಎಲ್ಲಿಗೆ ಬಂದಿದೀವಿ ಅಂತಾನೇ ಪೂರ್ತಿ ಗೊತ್ತಿರಲ್ಲ. ಅದರಲ್ಲಿ ಮೀರಾ ಒಬ್ಬ ನಟಿ. ಬೆಲ್‌ಗ್ರೇಡಲ್ಲಿ ಸ್ಟೇಜ್ ಹತ್ತಿದ್ದಕ್ಕೆ ಊರು ಕಳ್ಕೊಂಡ ನಟಿ, ಅದೇ ಯುದ್ಧದ ಬಗ್ಗೆ, ಬೆಲ್‌ಗ್ರೇಡಿನ ನಟಿಯಾಗಿ ಪಾತ್ರ ಮಾಡ್ತಿರೋದು. ಇದನ್ನ ಮೊದಲೇ ನೋಡಿದ್ರೆ ಇದರ ಭಾರ ಗೊತ್ತಾಗ್ತಿರ್ಲಿಲ್ಲ. ನಗು ಬರೋ ಸೀನುಗಳೂ ಸುಮಾರಿವೆ, ಸಬ್‌ಟೈಟಲ್ ಚೆನ್ನಾಗಿರೋ ಕಾಪಿ ಹುಡುಕಿ, ಕೆಟ್ಟ ಸಬ್‌ಟೈಟಲಲ್ಲಿ ಆ ಬೈಗುಳ ಎಲ್ಲಾ ಸಪ್ಪೆ ಆಗುತ್ತೆ.

ಓದೋರಿಗೆ ಇವ್ರ ಆತ್ಮಕಥೆ ಇದೆ, ಲವ್ ಮಿ ಮೋರ್ ದ್ಯಾನ್ ಎನಿಥಿಂಗ್ ಇನ್ ದ ವರ್ಲ್ಡ್, ಇವ್ರು ಹೋದ ಮೇಲೆ ಬಂದಿದ್ದು, ಇಂಗ್ಲಿಷಲ್ಲೇ ಬರೆದಿದ್ದು. ವೆಸ್ಟ್ ನೈಲ್ ವೈರಸ್ಸಿನಿಂದ ಆದ ತೊಂದರೆಯಿಂದ ತೀರ್ಕೊಂಡ್ರು ಅಂತ ಮನೆಯವರು ತಿಳಿಸಿದ್ರು. ಪುಸ್ತಕ ಟುರ್ನೇಯಾ ಆದ ಮೇಲೆ ಓದಿ, ಮುಂಚೆ ಬೇಡ, ಜನರ ಹೆಸರು ಜಾಗ ಎಲ್ಲಾ ಆಗ ನಿಮಗೆ ಪರಿಚಯ ಇರುತ್ತೆ.

ಕೊನೇಗೆ ಮತ್ತೆ ಲಾಸ್ಟ್. ನಡುವಿನ ಸೀಸನ್‌ಗಳಲ್ಲಿ ರೂಸೋ ಬಂದು ಹೋಗಿ ಮಾಡ್ತಾಳೆ, ಮೆಟರ್ನಿಟಿ ಲೀವ್, ಥ್ರೂ ದ ಲುಕಿಂಗ್ ಗ್ಲಾಸ್, ಮೀಟ್ ಕೆವಿನ್ ಜಾನ್ಸನ್, ಈ ಮೂರು ಈ ಆರ್ಡರಲ್ಲಿ ನೋಡಿ, ಹುಟ್ಟಿದ ವಾರದಲ್ಲೇ ಮಗಳನ್ನ ಕಳ್ಕೊಂಡ ತಾಯಿಯ ಕಥೆ ಪೂರ್ತಿ ಸಿಗುತ್ತೆ. ಅದಾದ ಮೇಲೆ ಆರನೇ ಸೀಸನ್, 2010ರ ವಾಟ್ ದೆ ಡೈಡ್ ಫಾರ್. ಅದರಲ್ಲಿ ಬೇರೊಂದು ಬದುಕು ತೋರಿಸ್ತಾರೆ, ದ್ವೀಪಾನೂ ಇಲ್ಲ ರೈಫಲ್ಲೂ ಇಲ್ಲ. ರೂಸೋ ಕೂದಲು ನೀಟಾಗಿ ಬಾಚಿದೆ, ಒಳ್ಳೇ ಬಟ್ಟೆ ಹಾಕ್ಕೊಂಡಿದಾಳೆ, ಮಗಳು ಜೊತೇಲೇ ಇದಾಳೆ, ಮಗಳ ಮೇಷ್ಟ್ರು ಬೆನ್‌ನ ಊಟಕ್ಕೆ ಕರೆದಿದಾಳೆ. ದ್ವೀಪದ ಕಥೇಲಿ ಅದೇ ಬೆನ್ ಅವಳ ಮಗಳನ್ನ ಕಿತ್ಕೊಂಡು ಹೋದವನು. ಇಲ್ಲಿ ಅವಳು ಅಡುಗೆಮನೇಲಿ ನಿಂತು, ನನ್ನ ಮಗಳಿಗೆ ನೀವು ತಂದೆ ಇದ್ದ ಹಾಗೆ ಅನ್ನೋ ಥರ ಏನೋ ಹೇಳ್ತಾಳೆ, ಬೆನ್ ಕಣ್ಣು ಒದ್ದೆ ಆಗುತ್ತೆ, ಈರುಳ್ಳಿ ಘಾಟು ಅಂತಾನೆ. ಇಡೀ ಸೀನ್ ಕೆಲವೇ ನಿಮಿಷ, ಅವ್ರು ಹೆಚ್ಚು ಏನೂ ಮಾಡಲ್ಲ, ಎದುರಿಗಿರೋ ಮನುಷ್ಯನ ಕಡೆ ನೋಡಿ ಮೆಲ್ಲಗೆ ನಗ್ತಾರೆ. ಇದನ್ನ ಎಲ್ಲಾ ಮುಗಿದ ಮೇಲೆ, ಕೊನೇದಾಗಿ ನೋಡಿ.